ಮೆದುಳಿನ ತೂಬುಗಳು

(ತಡಸದಲ್ಲಿ ನೀಡಿದ ದತ್ತಿ ಉಪನ್ಯಾಸದ ಮುದ್ರಿತ ರೂಪ)



ನನ್ನನ್ನು ಕರೆಯಲು ಬಂದವರು ಹೇಳಿದ್ದು ಒಂದೇ ಮಾತು: “ಮೆದುಳಿನ ಮ್ಯಾಲೆ ಮಾತಾಡ್ರಿ ಸರ, ಆದ್ರ ನಮ್ಮವ್ವಗ ತಿಳಿಬೇಕ್ರಿ.” ಬಹಳ ವರ್ಷ ವೈದ್ಯಕೀಯ ವಿದ್ಯಾರ್ಥಿಗಳಿಗೆ ಔಷಧ ವಿಜ್ಞಾನ ಕಲಿಸಿದ್ದೇನೆ. ಇದಕ್ಕಿಂತ ಒಳ್ಳೆಯ ಷರತ್ತನ್ನು ಯಾರೂ ನನ್ನ ಮುಂದೆ ಇಟ್ಟಿರಲಿಲ್ಲ. ಅವರ ತಾಯಿಯವರು ಇಲ್ಲೇ ಕುಳಿತಿದ್ದಾರೆ. ಅವರ ಮುಖ ನೋಡುತ್ತಲೇ ಮಾತಾಡುತ್ತೇನೆ.

ಬಚ್ಚಲಿನಿಂದ ಆರಂಭಿಸುತ್ತೇನೆ. ನಮ್ಮ ಚಿಗವ್ವನ ಮಗಳು ನನಗಿಂತ ನಾಲ್ಕು ವರ್ಷ ದೊಡ್ಡವಳು. ಅಮಾವಾಸ್ಯೆ ಬಂತೆಂದರೆ ತಲೆಗೆ ಎಣ್ಣೆ ತಿಕ್ಕಿ ಎರೆಯುವ ಮನೆ ಅದು. ಹಂಡೆಯ ನೀರು ಕೈಯಿಟ್ಟರೆ ಚುರುಗುಟ್ಟುವಷ್ಟು ಕಾದಿರಬೇಕು, ಚಿಗವ್ವ ಚರಿಗೆಯ ಮೇಲೆ ಚರಿಗೆ ಸುರಿಯುತ್ತಿರಬೇಕು. ನಾಲ್ಕೈದು ಚರಿಗೆ ಬೀಳುವಷ್ಟರಲ್ಲಿ ಅಕ್ಕನ ಕಣ್ಣು ಒಂದೇ ಕಡೆ ನೆಟ್ಟುಬಿಡುತ್ತಿತ್ತು. ಕರೆದರೆ ಓಗೊಡುತ್ತಿರಲಿಲ್ಲ, ತುಟಿ ಏನನ್ನೋ ಚಪ್ಪರಿಸುತ್ತಿತ್ತು. ಕೆಲವು ಸಲ ಅಲ್ಲಿಯೇ ಬಿದ್ದು ಕೈಕಾಲು ಸೆಟೆಯುತ್ತಿದ್ದಳು. ಆಗ ಮನೆಯವರೆಲ್ಲ ಓಡಿಬಂದು ಮುಷ್ಟಿಯಲ್ಲಿ ಕಬ್ಬಿಣದ ಕೀಲಿಕೈ ತುರುಕುತ್ತಿದ್ದರು, ಉಳ್ಳಾಗಡ್ಡಿ ಜಜ್ಜಿ ಮೂಗಿಗೆ ಹಿಡಿಯುತ್ತಿದ್ದರು. ಒಂದೆರಡು ನಿಮಿಷಕ್ಕೆ ಅದು ತಾನಾಗಿಯೇ ನಿಲ್ಲುತ್ತಿತ್ತು, ನಿಲ್ಲಿಸಿದ ಹೆಸರು ಕೀಲಿಕೈಗೆ ಬರುತ್ತಿತ್ತು.

ಬಚ್ಚಲಿನಲ್ಲಿ ಏನೋ ಇದೆ ಎಂದರು. ಬಚ್ಚಲನ್ನೇ ಹಿತ್ತಲಿನ ಆ ಮೂಲೆಯಿಂದ ಈ ಮೂಲೆಗೆ ಸರಿಸಿದರು. ತಾಯಿತ ಕಟ್ಟಿಸಿದರು. ನೋಡಲು ಬಂದ ಎರಡು ಗಂಡಿನ ಮನೆಯವರು ಸುದ್ದಿ ಕಿವಿಗೆ ಬಿದ್ದ ಮೇಲೆ ಮತ್ತೆ ಬರಲಿಲ್ಲ. ನಾನು ವೈದ್ಯಕೀಯ ಓದುತ್ತಿದ್ದಾಗ ಒಂದು ದಿನ ತರಗತಿಯಲ್ಲಿ ಪ್ರಾಧ್ಯಾಪಕರು ಬಿಸಿನೀರಿನ ಮೂರ್ಛೆ ಎಂಬ ಕಾಯಿಲೆಯನ್ನು ವಿವರಿಸಿದರು. ಅವರು ಒಂದೊಂದು ಲಕ್ಷಣ ಹೇಳಿದಂತೆಲ್ಲ ನನಗೆ ಅಕ್ಕನ ಮುಖ ಕಾಣಿಸುತ್ತಿತ್ತು. ಬರೆದುಕೊಳ್ಳುತ್ತಿದ್ದ ಕೈ ನಿಂತುಬಿಟ್ಟಿತು.

ಈ ಕಾಯಿಲೆಯನ್ನು ಜಗತ್ತಿನಲ್ಲಿ ಅತಿ ಹೆಚ್ಚು ನೋಡಿದವರೂ ಅಧ್ಯಯನ ಮಾಡಿದವರೂ ನಮ್ಮ ಕರ್ನಾಟಕದ ವೈದ್ಯರು. ನ್ಯೂಜಿಲೆಂಡ್, ಜಪಾನ್, ಟರ್ಕಿಗಳಿಂದಲೂ ವರದಿಗಳಿವೆ. ಆದರೆ ಮೈಸೂರು ಸೀಮೆಯಲ್ಲಿ ಕಂಡಷ್ಟು ರೋಗಿಗಳು ಬೇರೆಲ್ಲೂ ಕಂಡಿಲ್ಲ. ಬೆಂಗಳೂರಿನ ಡಾ. ಕೆ.ಎಸ್. ಮಣಿ ಮತ್ತು ಜೊತೆಗಾರರು 1970ರ ದಶಕದ ಆರಂಭದಲ್ಲೇ ಇದರ ಬಗ್ಗೆ ಬರೆದರು. ನಿಮ್ಹಾನ್ಸ್‌ನ ಡಾ. ಪಿ. ಸತೀಶ್ಚಂದ್ರ ಮತ್ತು ಸಂಗಡಿಗರು 1988ರಲ್ಲಿ 279 ರೋಗಿಗಳ ವಿವರ ಪ್ರಕಟಿಸಿದರು. ಹುಡುಗಿಯರಿಗಿಂತ ಹುಡುಗರಲ್ಲಿ ಹೆಚ್ಚು. ನೀರು ಮೈಮೇಲೆ ಬಿದ್ದರೆ ಸಾಮಾನ್ಯವಾಗಿ ಬರುವುದಿಲ್ಲ, ತಲೆಯ ಮೇಲೆ, ಅದೂ ಬಿಸಿಯಾಗಿ, ಬಿಡುವಿಲ್ಲದೆ ಬಿದ್ದಾಗ ಬರುತ್ತದೆ. ಕೆಲವರಿಗೆ ಆ ಕ್ಷಣದಲ್ಲಿ ಒಂದು ಬಗೆಯ ಸುಖವೂ ಆಗುತ್ತದೆ, ತಾವೇ ಇನ್ನಷ್ಟು ನೀರು ಸುರಿದುಕೊಳ್ಳುತ್ತಾರೆ. “ಸಾಕು ಏಳು ಅಂದ್ರೂ ಏಳಾಂಗಿಲ್ಲ, ಹಟಮಾರಿ” ಎಂದು ಚಿಗವ್ವ ಅಕ್ಕನಿಗೆ ಬೈಯುತ್ತಿದ್ದದ್ದು ನನಗೆ ನೆನಪಿದೆ. ಅದು ಹಟವಾಗಿರಲಿಲ್ಲ ಎಂದು ಹೇಳಲು ನಾನು ಆಗ ಬಹಳ ಚಿಕ್ಕವನು.

ಹಾಗಾದರೆ ಅದು ಏನು? ಬಿಸಿನೀರಿಗೂ ಮೂರ್ಛೆಗೂ ನಡುವೆ ತಲೆಯ ಒಳಗೆ ಏನು ನಡೆಯುತ್ತದೆ?

ಈ ಸೀಮೆ ಕೆರೆಗಳ ಸೀಮೆ. ಹಿರೇಕೆರೂರಿನ ಹೆಸರಿನಲ್ಲೇ ಕೆರೆ ಇದೆ, ಮಾಸೂರಿನ ಮದಗದ ಕೆರೆಯನ್ನು ನೋಡದವರು ಇಲ್ಲಿ ಕಡಿಮೆ. ಕೆರೆಗೆ ಏರಿ ಇರುತ್ತದೆ, ಏರಿಯಲ್ಲಿ ತೂಬು ಇರುತ್ತದೆ. ತೂಬು ತೆರೆದಾಗ ನೀರು ಗದ್ದೆಗೆ ನುಗ್ಗುತ್ತದೆ, ಯಾರೂ ತಳ್ಳಬೇಕಾಗಿಲ್ಲ, ಎತ್ತರದಲ್ಲಿ ನಿಂತ ನೀರಿಗೆ ಆ ಬಲ ಮೊದಲೇ ಇದೆ. ನಮ್ಮ ಮೆದುಳಿನಲ್ಲಿ ಸುಮಾರು 8,600 ಕೋಟಿ ನರಕೋಶಗಳಿವೆ. ಪ್ರತಿಯೊಂದರ ಸುತ್ತಲೂ ಒಂದು ತೆಳುವಾದ ಪೊರೆ, ಅದೇ ಏರಿ. ಹೊರಗೆ ಉಪ್ಪುನೀರು, ಅದರಲ್ಲಿ ಸೋಡಿಯಂ ಹೆಚ್ಚು. ಒಳಗೆ ಪೊಟ್ಯಾಸಿಯಂ ಹೆಚ್ಚು. ಪೊರೆಯ ಎರಡು ಬದಿಗಳ ನಡುವೆ ಸುಮಾರು 70 ಮಿಲಿವೋಲ್ಟ್ ವಿದ್ಯುತ್ ವ್ಯತ್ಯಾಸ ಸದಾ ಕಾದು ನಿಂತಿರುತ್ತದೆ. ಪೊರೆಯಲ್ಲಿ ಹುದುಗಿರುವ ಪ್ರೋಟೀನ್‌ಗಳೇ ತೂಬುಗಳು. ಸೋಡಿಯಂ ತೂಬು ಒಂದು ಮಿಲಿಸೆಕೆಂಡಿನಷ್ಟು ಕಾಲ ತೆರೆದುಕೊಂಡರೆ ಸೋಡಿಯಂ ಒಳಗೆ ನುಗ್ಗುತ್ತದೆ, ಆ ಕೋಶ ‘ಹೊತ್ತಿಕೊಳ್ಳುತ್ತದೆ’, ಸುದ್ದಿ ತಂತುವಿನ ಉದ್ದಕ್ಕೂ ಓಡುತ್ತದೆ. ಹಾಜ್‌ಕಿನ್ ಮತ್ತು ಹಕ್ಸ್‌ಲಿ ಎಂಬ ಇಬ್ಬರು ಕೇಂಬ್ರಿಡ್ಜ್ ವಿಜ್ಞಾನಿಗಳು ಸ್ಕ್ವಿಡ್ ಎಂಬ ಕಡಲಜೀವಿಯ ದಪ್ಪ ನರವನ್ನು ಬಳಸಿ 1952ರಲ್ಲಿ ಇದನ್ನು ಲೆಕ್ಕಹಾಕಿ ತೋರಿಸಿದರು.

ಒಳಬಂದ ಸೋಡಿಯಂ ಅನ್ನು ಮತ್ತೆ ಹೊರಹಾಕಬೇಕಲ್ಲ? ಅದಕ್ಕೊಂದು ಪಂಪ್‌ಸೆಟ್ ಇದೆ. ಮೂರು ಸೋಡಿಯಂ ಹೊರಗೆ ಎತ್ತಿ, ಎರಡು ಪೊಟ್ಯಾಸಿಯಂ ಒಳಗೆ ಎಳೆದುಕೊಳ್ಳುವ ಪ್ರೋಟೀನ್ ಅದು. ಹಗಲೂ ರಾತ್ರಿ ನಡೆಯುತ್ತದೆ, ನೀವು ನಿದ್ದೆಹೋದಾಗಲೂ ನಿಲ್ಲುವುದಿಲ್ಲ. ಮೈತೂಕದಲ್ಲಿ ನೂರಕ್ಕೆ ಎರಡರಷ್ಟಿರುವ ಮೆದುಳು ನಾವು ಉಸಿರಾಡುವ ಆಮ್ಲಜನಕದಲ್ಲಿ ನೂರಕ್ಕೆ ಇಪ್ಪತ್ತರಷ್ಟನ್ನು ಬಳಸುತ್ತದೆ. ಅದರಲ್ಲಿ ಬಹುಪಾಲು ಖರ್ಚು ಈ ಬಗೆಯ ಪಂಪುಗಳದ್ದೇ.

ಒಂದು ಕೋಶದ ಸುದ್ದಿ ಇನ್ನೊಂದಕ್ಕೆ ಹೋಗುವುದು ರಾಸಾಯನಿಕದ ಮೂಲಕ. ನಡುವಿನ ಸಣ್ಣ ಸಂದಿಗೆ ಮೊದಲ ಕೋಶ ಒಂದು ಅಣುವನ್ನು ಚೆಲ್ಲುತ್ತದೆ, ಎರಡನೆಯದರ ತೂಬು ಅದನ್ನು ಗುರುತಿಸಿ ತೆರೆದುಕೊಳ್ಳುತ್ತದೆ. ಇಂಥ ಅಣುಗಳು ಹಲವು. ಮೂರ್ಛೆಯ ಮಟ್ಟಿಗೆ ಎರಡು ಸಾಕು: ಗ್ಲುಟಮೇಟ್ ಮತ್ತು ಗಾಬಾ. ಗ್ಲುಟಮೇಟ್ “ಹೊತ್ತಿಕೋ” ಎನ್ನುತ್ತದೆ, ಗಾಬಾ “ತಡಿ” ಎನ್ನುತ್ತದೆ. ನನಗೆ ಕಲಿಸುವಾಗಲೆಲ್ಲ ಹೊಸದಾಗಿ ಸಂತೋಷ ಕೊಡುವ ಸಂಗತಿಯೊಂದಿದೆ. ಗಾಬಾ ತಯಾರಾಗುವುದು ಗ್ಲುಟಮೇಟ್‌ನಿಂದಲೇ. ಒಂದು ಕಿಣ್ವ ಗ್ಲುಟಮೇಟ್‌ನ ತುದಿಯಿಂದ ಒಂದು ಇಂಗಾಲದ ಡೈಆಕ್ಸೈಡನ್ನು ಕತ್ತರಿಸಿ ತೆಗೆಯುತ್ತದೆ, ಅಷ್ಟೇ. ಹೊತ್ತಿಸುವ ಅಣು ತಣಿಸುವ ಅಣುವಾಗುತ್ತದೆ. ಆ ಕತ್ತರಿ ಕೆಲಸಕ್ಕೆ ಬಿ6 ಜೀವಸತ್ವ ಬೇಕು, ಅದರ ಕೊರತೆಯಾದ ಹಸುಗೂಸುಗಳಿಗೆ ಮೂರ್ಛೆ ಬರುವುದು ಇದೇ ಕಾರಣಕ್ಕೆ.

ಮೂರ್ಛೆ ಎಂದರೆ ಈ ಎರಡರ ಲೆಕ್ಕ ತಪ್ಪುವುದು. ಒಂದು ಜಾಗದ ಕೋಶಗಳೆಲ್ಲ ಒಟ್ಟಿಗೇ ತೂಬು ತೆರೆದುಕೊಂಡು, ಒಟ್ಟಿಗೇ ಹೊತ್ತಿಕೊಂಡು, ಪಕ್ಕದವನ್ನೂ ಹೊತ್ತಿಸುತ್ತವೆ. ಕಣ್ಣು ನೆಡುವುದೋ, ತುಟಿ ಚಪ್ಪರಿಸುವುದೋ, ಕೈಕಾಲು ಸೆಟೆಯುವುದೋ ಎಂಬುದು ಎಲ್ಲಿ ಹೊತ್ತಿತು, ಎಷ್ಟು ದೂರ ಹಬ್ಬಿತು ಎಂಬುದರ ಮೇಲೆ ನಿಂತಿದೆ. ಮೆದುಳಿಗೆ ಪೆಟ್ಟು, ಹೆರಿಗೆಯಲ್ಲಿ ಉಸಿರು ಕಟ್ಟಿದ್ದು, ತೊಳೆಯದ ಸೊಪ್ಪಿನೊಂದಿಗೆ ಹೊಟ್ಟೆಗೆ ಹೋದ ಲಾಡಿಹುಳದ ಮೊಟ್ಟೆ ಮೆದುಳಿನಲ್ಲಿ ಗೂಡು ಕಟ್ಟಿದ್ದು, ಹೀಗೆ ಕಾರಣಗಳು ಬೇರೆ ಬೇರೆ. ಕೊನೆಗೆ ಎಲ್ಲವೂ ಈ ತೂಬುಗಳ ಬಳಿಯೇ ಬಂದು ಸೇರುತ್ತವೆ.

ಬಿಸಿನೀರಿನ ಮೂರ್ಛೆ ಕೆಲವು ಮನೆತನಗಳಲ್ಲಿ ತಲೆಮಾರಿನಿಂದ ತಲೆಮಾರಿಗೆ ಕಾಣುತ್ತದೆ. ಬೆಂಗಳೂರಿನ ಜಕ್ಕೂರಿನಲ್ಲಿರುವ ಜವಾಹರಲಾಲ್ ನೆಹರು ಉನ್ನತ ವೈಜ್ಞಾನಿಕ ಸಂಶೋಧನಾ ಕೇಂದ್ರದ ಪ್ರೊ. ಅನುರಂಜನ್ ಆನಂದ್ ಮತ್ತು ಅವರ ವಿದ್ಯಾರ್ಥಿಗಳು ನಿಮ್ಹಾನ್ಸ್ ವೈದ್ಯರ ಜೊತೆ ಸೇರಿ ಇಂಥ ಕುಟುಂಬಗಳ ಜಾಡು ಹಿಡಿದರು. 2009ರಲ್ಲಿ 10ನೇ ಮತ್ತು 4ನೇ ವರ್ಣತಂತುಗಳ ಮೇಲೆ ಎರಡು ಜಾಗಗಳನ್ನು ಗುರುತಿಸಿದರು. 2017ರಲ್ಲಿ ಎಸ್‌ಎಲ್‌ಸಿ1ಎ1 ಎಂಬ ವಂಶವಾಹಿಯಲ್ಲಿ ಅಪರೂಪದ ಬದಲಾವಣೆಗಳನ್ನು ಕಂಡರು. ಆ ವಂಶವಾಹಿ ತಯಾರಿಸುವ ಪ್ರೋಟೀನಿನ ಕೆಲಸ ಕೇಳಿದರೆ ನೀವೇ ಅರ್ಥ ಮಾಡಿಕೊಳ್ಳುತ್ತೀರಿ: ಸಂದಿಯಲ್ಲಿ ಚೆಲ್ಲಿದ ಗ್ಲುಟಮೇಟ್ ಅನ್ನು ಎತ್ತಿಕೊಂಡು ಕೋಶದೊಳಗೆ ಸೇರಿಸುವುದು. ಕಣ ಮಾಡಿದ ಮೇಲೆ ಚೆಲ್ಲಿದ ಕಾಳನ್ನು ಬಳಿದು ಚೀಲಕ್ಕೆ ತುಂಬುವ ಕೈ ಅದು. ಆ ಕೈ ನಿಧಾನವಾದರೆ “ಹೊತ್ತಿಕೋ” ಎನ್ನುವ ಅಣು ಹೊರಗೇ ಉಳಿಯುತ್ತದೆ. ಈ ಒಂದು ವಂಶವಾಹಿಯಿಂದ ಎಲ್ಲ ಕುಟುಂಬಗಳ ಕಥೆಯೂ ಬಗೆಹರಿಯುವುದಿಲ್ಲ. ಮೆದುಳಿನ ಉಷ್ಣ ನಿಯಂತ್ರಣ ಕೇಂದ್ರದ ಪಾತ್ರವೂ ಇದೆ ಎಂಬುದು ನಿಮ್ಹಾನ್ಸ್‌ನವರು ಇಲಿಗಳ ತಲೆಗೆ ಬಿಸಿನೀರು ಹಾಕಿ ನಡೆಸಿದ ಪ್ರಯೋಗಗಳ ಸೂಚನೆ. ಆದರೂ ನನ್ನ ಮಟ್ಟಿಗೆ 2017ರ ಆ ಪ್ರಬಂಧ ಒಂದು ಲೇಖನಕ್ಕಿಂತ ದೊಡ್ಡದು. ನಮ್ಮ ಚಿಗವ್ವ ಬಚ್ಚಲನ್ನೇ ಸರಿಸಿ ಹುಡುಕಿದ ಉತ್ತರಕ್ಕೆ ಇಷ್ಟು ಹತ್ತಿರ ಬಂದದ್ದು ಅದೊಂದೇ.

ಇವತ್ತು ಮೂರ್ಛೆಯಿರುವ ಮನೆಗಳವರೂ ಇಲ್ಲಿ ಬಂದಿರಬಹುದು. ಆದ್ದರಿಂದ ಒಂದು ಮಾತನ್ನು ಬಿಡಿಸಿ ಹೇಳಬೇಕು. ಮಧುಮೇಹದಲ್ಲಿ ಸಕ್ಕರೆಯ ಲೆಕ್ಕ ತಪ್ಪುವಂತೆ ಇಲ್ಲಿ ತೂಬುಗಳ ಲೆಕ್ಕ ತಪ್ಪಿದೆ. ಇದರಲ್ಲಿ ಆ ಮಗುವಿನ ತಪ್ಪಿಲ್ಲ, ತಾಯಿಯ ತಪ್ಪಿಲ್ಲ, ಯಾರ ಕರ್ಮವೂ ಇಲ್ಲ. ಮುಟ್ಟಿದರೆ ಅಂಟುವುದೂ ಇಲ್ಲ. ಕಾನೂನು ಕೂಡ ಬಹಳ ಕಾಲ ಇದನ್ನು ಒಪ್ಪಿರಲಿಲ್ಲ. ಹಿಂದೂ ವಿವಾಹ ಕಾಯ್ದೆಯಲ್ಲಿ ಮೂರ್ಛೆರೋಗ ಮದುವೆಗೆ ಅಡ್ಡಿಯಾಗುವ ಕಾರಣವೆಂದು ಬರೆದಿತ್ತು, 1999ರ ತಿದ್ದುಪಡಿಯಲ್ಲಿ ಆ ಪದವನ್ನು ತೆಗೆದುಹಾಕಿದರು. ಕಾಯ್ದೆಯಿಂದ ಹೋದದ್ದು ನಮ್ಮ ಕಟ್ಟೆಯ ಮಾತಿನಿಂದ ಇನ್ನೂ ಹೋಗಿಲ್ಲ, ಅದು ನನ್ನನ್ನು ನೋಯಿಸುತ್ತದೆ.

ಇನ್ನು ಮಾತ್ರೆಗೆ ಬರುತ್ತೇನೆ. ನುಂಗಿದ ಮಾತ್ರೆ ಮೆದುಳಿನಲ್ಲಿ ಏನು ಮಾಡುತ್ತದೆ ಎಂದು ಮನೆಯವರಿಗೆ ಗೊತ್ತಿದ್ದರೆ ಅದನ್ನು ನಡುವೆ ಬಿಡುವುದಿಲ್ಲ. ನನ್ನ ಅಷ್ಟೂ ವರ್ಷಗಳ ಅನುಭವದಲ್ಲಿ ಕಂಡುಕೊಂಡದ್ದು ಇದು, ಇವತ್ತು ಹೇಳಲು ಬಂದದ್ದೂ ಇದನ್ನೇ.

ಮೂರ್ಛೆಗೆ ಇಂದಿಗೂ ಬಳಸುವ ಹಳೆಯ ಮಾತ್ರೆಗಳು ಎರಡು. ಫಿನೋಬಾರ್ಬಿಟಾಲ್ 1912ರಿಂದ ಬಳಕೆಯಲ್ಲಿದೆ. ಅಮೆರಿಕದ ಮೆರಿಟ್ ಮತ್ತು ಪಟ್ನಮ್ 1938ರಲ್ಲಿ ಫೆನಿಟಾಯಿನ್ ಅನ್ನು ಬಳಕೆಗೆ ತಂದರು. ಫೆನಿಟಾಯಿನ್ ಸೋಡಿಯಂ ತೂಬಿಗೆ ಹೋಗಿ ಕೂರುತ್ತದೆ. ಅದರ ಜಾಣತನ ನೋಡಿ: ಹದವಾಗಿ ತೆರೆದು ಮುಚ್ಚುವ ತೂಬುಗಳನ್ನು ಅದು ಹೆಚ್ಚು ಮುಟ್ಟುವುದಿಲ್ಲ. ಬಿಡುವಿಲ್ಲದೆ ಮೇಲಿಂದ ಮೇಲೆ ತೆರೆಯುತ್ತಿರುವ ತೂಬನ್ನು, ಅದು ಮುಚ್ಚಿದ ಗಳಿಗೆಯಲ್ಲಿ ಹಿಡಿದು, ಮತ್ತೆ ತೆರೆಯಲು ತಡಮಾಡಿಸುತ್ತದೆ. ಹಾಗಾಗಿಯೇ ಮಾತ್ರೆ ನುಂಗಿದ ಹುಡುಗ ಶಾಲೆಗೆ ಹೋಗುತ್ತಾನೆ, ಲೆಕ್ಕ ಬಿಡಿಸುತ್ತಾನೆ, ಕಬಡ್ಡಿ ಆಡುತ್ತಾನೆ, ಮೂರ್ಛೆ ಮಾತ್ರ ಬರುವುದಿಲ್ಲ.

ಫಿನೋಬಾರ್ಬಿಟಾಲ್ ಹೋಗುವುದು ಗಾಬಾದ ತೂಬಿಗೆ. ಐದು ತುಂಡುಗಳು ಸುತ್ತ ನಿಂತು ನಡುವೆ ದಾರಿ ಬಿಟ್ಟಂತಿರುವ ಪ್ರೋಟೀನ್ ಅದು. ಗಾಬಾ ಬಂದು ತಟ್ಟಿದಾಗ ಆ ದಾರಿಯಲ್ಲಿ ಕ್ಲೋರೈಡ್ ಒಳಬರುತ್ತದೆ, ಕೋಶ ತಣ್ಣಗಾಗುತ್ತದೆ. ಫಿನೋಬಾರ್ಬಿಟಾಲ್ ಇದ್ದರೆ ತೆರೆದ ತೂಬು ಹೆಚ್ಚು ಹೊತ್ತು ತೆರೆದಿರುತ್ತದೆ. ಕ್ಲೋಬಜಾಮ್, ಡಯಾಜೆಪಾಮ್, ಮಿಡಜೋಲಾಮ್ ಇವು ಇನ್ನೊಂದು ಕುಲ. ಇವಿದ್ದರೆ ತೂಬು ಹೆಚ್ಚು ಸಲ ತೆರೆಯುತ್ತದೆ. ಒಂದು ಹೆಚ್ಚು ಹೊತ್ತು, ಇನ್ನೊಂದು ಹೆಚ್ಚು ಸಲ. ಒಂದೇ ತೂಬಿನ ಬೇರೆ ಬೇರೆ ಮೂಲೆಗಳಲ್ಲಿ ಕೂತು ಮಾಡುವ ಕೆಲಸವಿದು. ಸಾರಾಯಿ ಕೂಡ ಈ ತೂಬಿನ ಮೇಲೆ ಕೆಲಸ ಮಾಡುತ್ತದೆ. ದಿನವೂ ಕುಡಿಯುವವನು ಒಮ್ಮೆಲೇ ಬಿಟ್ಟಾಗ ಎರಡನೆಯ ದಿನ ಮೂರ್ಛೆ ಬೀಳುವುದನ್ನು ನೀವು ಕಂಡಿರಬಹುದು. ಕುಡಿತಕ್ಕೆ ಒಗ್ಗಿಕೊಂಡಿದ್ದ ತೂಬುಗಳು ಏಕಾಏಕಿ ಒಂಟಿಯಾದ ಗಳಿಗೆ ಅದು. ಬಿಡಿಸಬೇಕು, ಆದರೆ ವೈದ್ಯರ ಕಣ್ಣಳತೆಯಲ್ಲಿ ಬಿಡಿಸಬೇಕು.

ಈ ಎರಡು ಅಗ್ಗದ ಹಳೆಯ ಮಾತ್ರೆಗಳಿಂದ ಹಳ್ಳಿಯೊಂದರ ಮೂರ್ಛೆಯನ್ನು ಹತೋಟಿಗೆ ತರಬಹುದೇ? ಡಾ. ಮಣಿ ಈ ಪ್ರಶ್ನೆಯನ್ನು ಹಿಡಿದು ಈಗಿನ ಚಾಮರಾಜನಗರ ಜಿಲ್ಲೆಯ ಯಳಂದೂರಿಗೆ ಹೋದರು. ಸುಮಾರು 65 ಸಾವಿರ ಜನರನ್ನು ಮನೆಮನೆಗೆ ಹೋಗಿ ವಿಚಾರಿಸಿದರು. ಸಾವಿರಕ್ಕೆ ನಾಲ್ಕರಿಂದ ಐದು ಜನರಿಗೆ ಮೂರ್ಛೆ ಇತ್ತು, ಅವರಲ್ಲಿ ನೂರಕ್ಕೆ ಸುಮಾರು ಏಳು ಮಂದಿಯದು ಬಿಸಿನೀರಿನದು. ಹತ್ತು ಸಾವಿರ ಜನರಿರುವ ಊರಿಗೆ ಈ ಲೆಕ್ಕ ಹಾಕಿದರೆ ನಲವತ್ತೈದು ಜನ. ಇದೇ ಪ್ರಮಾಣ ಇಲ್ಲಿಯೂ ಇದ್ದರೆ ಅವರಲ್ಲಿ ಎಷ್ಟು ಜನರ ಹೆಸರು ನಿಮಗೆ ಗೊತ್ತು? ಮುಚ್ಚಿಟ್ಟ ಮನೆಗಳೇ ಹೆಚ್ಚು. ಯಳಂದೂರಿನಲ್ಲಿ ಒಪ್ಪಿ ಬಂದವರಿಗೆ ಫಿನೋಬಾರ್ಬಿಟಾಲ್ ಅಥವಾ ಫೆನಿಟಾಯಿನ್ ಕೊಟ್ಟು ವರ್ಷಗಟ್ಟಲೆ ಬೆನ್ನುಹತ್ತಿ ನೋಡಿಕೊಂಡರು. ಮಾತ್ರೆ ತಪ್ಪಿಸದವರಲ್ಲಿ ಬಹುಮಂದಿಗೆ ಮೂರ್ಛೆ ಹತೋಟಿಗೆ ಬಂತು. 2001ರಲ್ಲಿ ‘ಲ್ಯಾನ್ಸೆಟ್’ ಪತ್ರಿಕೆಯಲ್ಲಿ ಅದು ಪ್ರಕಟವಾಯಿತು. ಕನ್ನಡ ನಾಡಿನ ಒಂದು ಸಣ್ಣ ತಾಲ್ಲೂಕಿನ ಹೆಸರು ಜಗತ್ತಿನ ಮೂರ್ಛೆ ವೈದ್ಯರಿಗೆಲ್ಲ ಪರಿಚಯವಾದದ್ದು ಹಾಗೆ.

ಮಾತ್ರೆ ತಪ್ಪಿಸದವರು ಎಂದೆ. ಆ ಮಾತನ್ನು ಸ್ವಲ್ಪ ಬಿಡಿಸುತ್ತೇನೆ. ಔಷಧ ತೂಬಿನಲ್ಲಿ ಶಾಶ್ವತವಾಗಿ ಕೂರುವುದಿಲ್ಲ. ಬಂದು ಕೂರುತ್ತದೆ, ಎದ್ದು ಹೋಗುತ್ತದೆ, ಯಕೃತ್ತಿನಲ್ಲಿ ನುರಿದು ಮೂತ್ರದಲ್ಲಿ ಹೊರಬೀಳುತ್ತದೆ. ರಕ್ತದಲ್ಲಿ ಫೆನಿಟಾಯಿನ್ ಅರ್ಧಕ್ಕೆ ಇಳಿಯಲು ಹೆಚ್ಚುಕಡಿಮೆ ಒಂದು ದಿನ, ಫಿನೋಬಾರ್ಬಿಟಾಲ್‌ಗೆ ಮೂರ್ನಾಲ್ಕು ದಿನ. ಜಾತ್ರೆಗೆ ಹೋದಾಗ ಎರಡು ದಿನ ಮರೆತರೆ ತೂಬುಗಳು ಕಾವಲಿಲ್ಲದೆ ನಿಲ್ಲುತ್ತವೆ. “ಆರು ತಿಂಗಳಾತು ಬಂದಿಲ್ಲ, ಕಡಿಮಿ ಆಗೇತಿ” ಎಂದು ಬಿಟ್ಟುಬಿಡುವವರನ್ನು ನಾನು ಲೆಕ್ಕವಿಲ್ಲದಷ್ಟು ನೋಡಿದ್ದೇನೆ. ಬಾರದಿರುವುದು ಮಾತ್ರೆ ಅಲ್ಲಿರುವುದರಿಂದ. ಕೆಲವು ವರ್ಷ ಒಂದೂ ಬಾರದೆ ಇದ್ದರೆ ವೈದ್ಯರೇ ನಿಧಾನವಾಗಿ ಇಳಿಸುತ್ತಾರೆ.

ಹೆಚ್ಚು ನುಂಗಿದರೆ ಬೇಗ ಗುಣವಾಗುತ್ತದೆ ಎಂಬ ಇನ್ನೊಂದು ನಂಬಿಕೆ ಇದೆ. ಫೆನಿಟಾಯಿನ್ ವಿಷಯದಲ್ಲಿ ಅದು ಅಪಾಯ. ಊರಿನ ಹಿಟ್ಟಿನ ಗಿರಣಿಯನ್ನು ನೆನೆಯಿರಿ. ದಿನಕ್ಕೆ ಇಷ್ಟೇ ಚೀಲ ಬೀಸಬಲ್ಲದು. ಅದಕ್ಕಿಂತ ಒಂದು ಚೀಲ ಹೆಚ್ಚು ಬಂದರೂ ಆ ಚೀಲ ಉಳಿಯುತ್ತದೆ, ಮರುದಿನ ಇನ್ನೊಂದು, ವಾರದಲ್ಲಿ ಗಿರಣಿಯ ಮುಂದೆ ರಾಶಿ. ಫೆನಿಟಾಯಿನ್ ಬೀಸುವ ಯಕೃತ್ತಿನ ಕಿಣ್ವವೂ ಹಾಗೆಯೇ ಬೇಗ ಭರ್ತಿಯಾಗುತ್ತದೆ. ದಿನಕ್ಕೆ 300 ಮಿಲಿಗ್ರಾಂನಲ್ಲಿ ಚೆನ್ನಾಗಿದ್ದವರು 400ಕ್ಕೆ ಏರಿಸಿದಾಗ ತೂರಾಡಬಹುದು, ಮಾತು ತೊದಲಬಹುದು, ಕಣ್ಣುಗುಡ್ಡೆ ಅಲುಗಾಡಬಹುದು. ಮೂರನೆಯ ಒಂದು ಭಾಗ ಏರಿಸಿದ್ದಕ್ಕೆ ರಕ್ತದಲ್ಲಿ ದುಪ್ಪಟ್ಟಿಗೂ ಮೀರಿ ಏರಬಹುದು. ಇಂಥ ಒಬ್ಬ ರೈತನನ್ನು ಕುಡಿದು ಬಂದಿದ್ದಾನೆಂದು ಒಂದು ಆಸ್ಪತ್ರೆಯ ಬಾಗಿಲಿನಿಂದ ವಾಪಸು ಕಳಿಸಿದ್ದನ್ನು ಕಂಡಿದ್ದೇನೆ. ಅವನು ಜೀವಮಾನದಲ್ಲಿ ಕುಡಿದವನಲ್ಲ.

ಔಷಧ ಬೀಸುವ ಗಿರಣಿ ಯಕೃತ್ತಿನಲ್ಲಷ್ಟೇ ಇದೆ ಎಂದು ಬಹುಕಾಲ ನಂಬಿದ್ದೆವು. ಮೆದುಳಿನ ಒಳಗೂ ಸಣ್ಣ ಗಿರಣಿಗಳಿವೆ, ಅವು ಅಲ್ಲಿಗೆ ಬಂದ ಔಷಧವನ್ನು ತಮ್ಮದೇ ರೀತಿಯಲ್ಲಿ ಬೀಸುತ್ತವೆ ಎಂಬುದನ್ನು ತೋರಿಸಿಕೊಟ್ಟವರಲ್ಲಿ ಪ್ರೊ. ವಿಜಯಲಕ್ಷ್ಮಿ ರವೀಂದ್ರನಾಥ್ ಮುಖ್ಯರು. ಮೈಸೂರಿನ ಆಹಾರ ಸಂಶೋಧನಾಲಯದಲ್ಲಿ ಪಿಎಚ್.ಡಿ. ಮಾಡಿ, ನಿಮ್ಹಾನ್ಸ್‌ನಲ್ಲಿ ವರ್ಷಗಟ್ಟಲೆ ದುಡಿದು, ಮುಂದೆ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ನರವಿಜ್ಞಾನ ಕೇಂದ್ರ ಕಟ್ಟಿದವರು. ಕೋಲಾರ ಜಿಲ್ಲೆಯ ಶ್ರೀನಿವಾಸಪುರದ ಹಳ್ಳಿಗಳಲ್ಲಿ ವಯಸ್ಸಾದವರ ಮೆದುಳು ಹೇಗೆ ಮಾಗುತ್ತದೆ, ಯಾರಿಗೆ ಮರೆವಿನ ಕಾಯಿಲೆ ಬರುತ್ತದೆ ಎಂದು ವರ್ಷಗಟ್ಟಲೆ ಗಮನಿಸುವ ಅಧ್ಯಯನ ಆರಂಭವಾದದ್ದೂ ಅವರ ಮುಂದಾಳತನದಲ್ಲೇ. ಒಂದೇ ಮಾತ್ರೆ ಇಬ್ಬರ ಮೇಲೆ ಎರಡು ಬಗೆಯಲ್ಲಿ ಕೆಲಸ ಮಾಡುವುದೇಕೆ ಎಂಬ ಪ್ರಶ್ನೆಗೆ ಈ ಒಳಗಿರಣಿಗಳಲ್ಲೂ ಉತ್ತರದ ಒಂದು ತುಣುಕಿದೆ.

ಈಗ ಹೊಲಕ್ಕೆ ಹೋಗೋಣ. ಹತ್ತಿ, ಮೆಣಸಿನಕಾಯಿ, ಗೋವಿನಜೋಳ ಬೆಳೆಯುವ ಈ ನಾಡಿನಲ್ಲಿ ‘ಎಣ್ಣಿ ಹೊಡೆಯುವುದು’ ಎಂದರೆ ಏನೆಂದು ಮಕ್ಕಳಿಗೂ ಗೊತ್ತು. ಮಾನೊಕ್ರೊಟೊಫಾಸ್, ಕ್ಲೋರ್‌ಪೈರಿಫಾಸ್ ಮುಂತಾದ ಈ ಎಣ್ಣೆಗಳು, ಅಂದರೆ ಕೀಟನಾಶಕಗಳು, ಹುಳದ ನರವನ್ನು ಕೊಲ್ಲುತ್ತವೆ. ಹುಳದ ನರಕ್ಕೂ ನಮ್ಮ ನರಕ್ಕೂ ಆ ಜಾಗದಲ್ಲಿ ಭೇದ ಬಹಳ ಕಡಿಮೆ.

ನರ ಸ್ನಾಯುವಿಗೆ ಹೇಳುವ ಮಾತಿನ ಅಣು ಅಸಿಟೈಲ್‌ಕೋಲಿನ್. ಒಟ್ಟೊ ಲೋವಿ ಎಂಬ ವಿಜ್ಞಾನಿ 1921ರಲ್ಲಿ ಎರಡು ಕಪ್ಪೆಗಳ ಹೃದಯಗಳನ್ನು ಪಕ್ಕಪಕ್ಕ ಇಟ್ಟು, ಒಂದರ ನರವನ್ನು ಕೆರಳಿಸಿ ಅದರ ಬಡಿತ ನಿಧಾನವಾದಾಗ ಅದನ್ನು ತೊಯ್ಸಿದ ದ್ರವವನ್ನು ಇನ್ನೊಂದಕ್ಕೆ ಹಾಕಿದ. ಎರಡನೆಯದೂ ನಿಧಾನವಾಯಿತು. ನರ ರಾಸಾಯನಿಕದಲ್ಲಿ ಮಾತಾಡುತ್ತದೆ ಎಂದು ಜಗತ್ತಿಗೆ ಗೊತ್ತಾದದ್ದು ಅಂದು. ಮಾತು ಮುಗಿದ ಕೂಡಲೇ ಆ ಅಣುವನ್ನು ಒಡೆದುಹಾಕಬೇಕು, ಇಲ್ಲದಿದ್ದರೆ ಸ್ನಾಯು ಸಡಿಲಗೊಳ್ಳುವುದಿಲ್ಲ. ಅದಕ್ಕಿರುವ ಕಿಣ್ವದ ಒಂದೊಂದು ಅಣುವೂ ಸೆಕೆಂಡಿಗೆ ಸಾವಿರಾರು ಅಸಿಟೈಲ್‌ಕೋಲಿನ್ ಅಣುಗಳನ್ನು ಒಡೆಯುತ್ತದೆ. ಎಣ್ಣೆ ಹೋಗಿ ಆ ಕಿಣ್ವದ ಬಾಯಿಗೆ ಬೆಸುಗೆ ಹಾಕುತ್ತದೆ. ಅಸಿಟೈಲ್‌ಕೋಲಿನ್ ರಾಶಿ ಬೀಳುತ್ತದೆ. ಜೊಲ್ಲು, ಬೆವರು, ಕಣ್ಣೀರು, ವಾಂತಿ, ಭೇದಿ, ಸಾಸಿವೆಯಷ್ಟಾದ ಕಣ್ಣಿನ ಪಾಪೆ, ಚರ್ಮದ ಕೆಳಗೆ ಮಾಂಸದ ಅದುರಾಟ, ಕೊನೆಗೆ ಉಸಿರಿನ ಸ್ನಾಯು ಸೋಲುವುದು, ಎಲ್ಲವೂ ಆ ಒಂದು ಬೆಸುಗೆಯಿಂದ.

ಇದಕ್ಕೆ ಮದ್ದು ಆಟ್ರೊಪಿನ್. ನಿಮ್ಮ ಹೊಲದ ಬದುವಿನಲ್ಲಿ ಬಿಳಿಯ ಉದ್ದ ಹೂ ಬಿಡುವ ಮದಗುಣಕಿ ಇದೆಯಲ್ಲ, ಉಮ್ಮತ್ತಿ ಎಂದೂ ಕರೆಯುವ ಗಿಡ, ಅದರ ಕುಲದ ಗಿಡಗಳಲ್ಲಿರುವ ವಸ್ತು ಇದು. ಅದರ ಬೀಜ ತಿಂದ ಹುಡುಗರು ಬಾಯಿ ಒಣಗಿ, ಕಣ್ಣಿನ ಪಾಪೆ ಅಗಲವಾಗಿ, ಇಲ್ಲದ್ದನ್ನು ಕಂಡಂತೆ ಬಡಬಡಿಸುತ್ತಾರೆ. ಎಣ್ಣೆಯ ವಿಷದ ಲಕ್ಷಣಗಳಿಗೆ ಇವು ಸರಿಯಾಗಿ ಎದುರು. ಅಸಿಟೈಲ್‌ಕೋಲಿನ್ ಬಂದು ತಟ್ಟುವ ಕದದಲ್ಲಿ ಆಟ್ರೊಪಿನ್ ಅಡ್ಡ ಕೂರುತ್ತದೆ. ದಯವಿಟ್ಟು ಇದನ್ನು ಕೇಳಿ ಯಾರೂ ಮದಗುಣಕಿಯ ಬೀಜ ಅರೆದು ಕುಡಿಸಬೇಡಿ. ಗಿಡದಿಂದ ಗಿಡಕ್ಕೆ ಅದರ ಪ್ರಮಾಣ ಬದಲಾಗುತ್ತದೆ, ಅದೇ ಪ್ರಾಣ ತೆಗೆಯಬಹುದು. ಆಸ್ಪತ್ರೆಯಲ್ಲಿ ಶ್ವಾಸಕೋಶದ ಸದ್ದು ಆಲಿಸುತ್ತ ನಿಮಿಷನಿಮಿಷಕ್ಕೆ ಅಳೆದು ಕೊಡುತ್ತಾರೆ. ಬೆಸುಗೆ ಬಿಚ್ಚಲು ಪ್ರಾಲಿಡಾಕ್ಸಿಮ್ ಎಂಬ ಇನ್ನೊಂದು ಔಷಧವಿದೆ, ಆದರೆ ಹೊತ್ತು ಕಳೆದಂತೆ ಬೆಸುಗೆ ಗಟ್ಟಿಯಾಗಿ ಅದು ಕೆಲಸಕ್ಕೆ ಬರುವುದಿಲ್ಲ. ಆದ್ದರಿಂದ ಎಣ್ಣೆಯ ವಿಷ ತಗುಲಿದವರ ಮೈಮೇಲಿನ ಬಟ್ಟೆ ಬಿಚ್ಚಿ, ಸಾಬೂನು ಹಚ್ಚಿ ತೊಳೆದು, 108ಕ್ಕೆ ಫೋನ್ ಮಾಡಿ. ಉಪ್ಪುನೀರು ಕುಡಿಸಿ ವಾಂತಿ ಮಾಡಿಸುತ್ತ ಹೊತ್ತು ಕಳೆಯಬೇಡಿ. ಎರಡನೆಯ ದಿನ ಎದ್ದು ಕುಳಿತು ಚಹಾ ಕುಡಿದನೆಂದು ಮನೆಗೆ ಕರೆದೊಯ್ಯಬೇಡಿ. ಒಂದರಿಂದ ನಾಲ್ಕು ದಿನಗಳ ನಡುವೆ ಕತ್ತು ಮತ್ತು ಉಸಿರಿನ ಸ್ನಾಯುಗಳು ಮತ್ತೊಮ್ಮೆ ಸೋಲುವ ಅಪಾಯವಿದೆ. ಮನೆಗೆ ಕರೆದೊಯ್ಯುವ ದಾರಿಯಲ್ಲೇ ಹೋದವರನ್ನು ನಾನು ಬಲ್ಲೆ.

ಬೇಲಿಗೆ ಹಬ್ಬುವ ಒಂದು ಬಳ್ಳಿಯ ಬಗ್ಗೆಯೂ ನಾಲ್ಕು ಮಾತು. ಮುಟ್ಟಿದರೆ ಮೈಯೆಲ್ಲ ತುರಿಸುವ ನಸುಗುನ್ನಿ. 1937ರಲ್ಲಿ ಮದರಾಸಿನ ದಾಮೋದರನ್ ಮತ್ತು ರಾಮಸ್ವಾಮಿ ಅದರ ಬೀಜದಿಂದ ಡೋಪಾ ಎಂಬ ವಸ್ತುವನ್ನು ಬೇರ್ಪಡಿಸಿದರು. ಆಗ ಅದರ ಬೆಲೆ ಯಾರಿಗೂ ತಿಳಿದಿರಲಿಲ್ಲ. ಇಪ್ಪತ್ತು ವರ್ಷದ ಮೇಲೆ ಸ್ವೀಡನ್ನಿನ ಆರ್ವಿಡ್ ಕಾರ್ಲ್‌ಸನ್ ಮೊಲಗಳಿಗೆ ರಿಸರ್ಪಿನ್ ಕೊಟ್ಟರು, ಅದು ನಮ್ಮ ಸರ್ಪಗಂಧಿಯ ಬೇರಿನ ಸಾರ. ಮೊಲಗಳು ಮೆದುಳಿನ ಡೋಪಮಿನ್ ಬರಿದಾಗಿ ಕಿವಿ ಜೋತುಬಿದ್ದು ಕುಸಿದವು. ಡೋಪಾ ಚುಚ್ಚಿದಾಗ ಎದ್ದು ಓಡಾಡಿದವು. ಕೈ ನಡುಗುವ, ಹೆಜ್ಜೆ ಕಿರಿದಾಗುವ ಕಂಪವಾತದಲ್ಲಿ, ಅಂದರೆ ಪಾರ್ಕಿನ್‌ಸನ್ ಕಾಯಿಲೆಯಲ್ಲಿ, ಮೆದುಳಿನ ಬುಡದ ಒಂದು ಕಪ್ಪು ಜಾಗದಲ್ಲಿ ಡೋಪಮಿನ್ ತಯಾರಿಸುವ ಕೋಶಗಳು ಸಾಯುತ್ತವೆ. ಡೋಪಮಿನ್ ಅನ್ನು ನೇರವಾಗಿ ಕೊಟ್ಟರೆ ಅದು ರಕ್ತದಿಂದ ಮೆದುಳಿಗೆ ದಾಟದು, ಡೋಪಾ ದಾಟುತ್ತದೆ. ಆದರೆ ಅದು ದಾಟುವ ಕಿಂಡಿಯೇ ಬೇಳೆ, ಮೊಟ್ಟೆ, ಹಾಲಿನ ಪ್ರೋಟೀನು ಕರಗಿ ಬಂದ ಅಮೈನೋ ಆಮ್ಲಗಳದ್ದೂ ಹೌದು. ಊಟದ ಜೊತೆ ಮಾತ್ರೆ ನುಂಗಿದ ಅಜ್ಜ “ಗುಳಿಗಿ ಹತ್ತವಲ್ದು” ಎಂದರೆ ಅವರ ಮಾತು ನಿಜ. ಊಟಕ್ಕೆ ಅರ್ಧ ಗಂಟೆ ಮೊದಲು ಕೊಟ್ಟು ನೋಡಿ. ಅಂಗಡಿಯಲ್ಲಿ ಸಿಗುವ ನಸುಗುನ್ನಿ ಪುಡಿಯನ್ನು ವೈದ್ಯರಿಗೆ ಹೇಳದೆ ಮಾತ್ರೆಯ ಜೊತೆ ಸೇರಿಸಬೇಡಿ, ಒಳಗಿರುವುದು ಅದೇ ಡೋಪಾ.

ಉಪನ್ಯಾಸ ಮುಗಿದ ಮೇಲೆ ನಡೆದದ್ದನ್ನೂ ಮುದ್ರಣಕ್ಕೆ ಸೇರಿಸುತ್ತಿದ್ದೇನೆ. ನನ್ನನ್ನು ಕರೆಯಲು ಬಂದಿದ್ದವರ ತಾಯಿ ಎದ್ದು ನಿಂತು ಕೇಳಿದರು: “ಅಲ್ರಿ ಡಾಕ್ಟರ್, ಬಿಸಿನೀರಿಗಿ ಬರ್ತೈತಿ ಅಂದ್ರ ತಣ್ಣೀರ ಹಾಕಿದ್ರ ಆತಲ್ಲ? ಗುಳಿಗಿ ಯಾಕ?”

ಸಭೆಯಲ್ಲಿ ಕೇಳಿದ ಪ್ರಶ್ನೆಗಳಲ್ಲಿ ಇದೇ ಅತ್ಯಂತ ಸರಿಯಾದದ್ದು. ನಾನು ಕೊಟ್ಟ ಉತ್ತರ ಇದು: ಹೌದವ್ವ, ಮೊದಲ ಮದ್ದು ಅದೇ. ನೀರು ಉಗುರುಬೆಚ್ಚಗಿರಲಿ, ತಲೆಗೆ ನಿಧಾನವಾಗಿ, ನಡುನಡುವೆ ಬಿಟ್ಟು ಹಾಕಿರಿ, ಇಲ್ಲವೇ ಹಸಿ ಅರಿವೆಯಿಂದ ಒರೆಸಿರಿ. ಬಹಳ ಮಂದಿಗೆ ಅಷ್ಟೇ ಸಾಕಾಗುತ್ತದೆ. ಸಾಲದಿದ್ದರೆ ತಲೆಸ್ನಾನದ ದಿನ, ಸ್ನಾನಕ್ಕೆ ಒಂದೆರಡು ಗಂಟೆ ಮೊದಲು ಕ್ಲೋಬಜಾಮ್ ಒಂದು ಮಾತ್ರೆ, ವೈದ್ಯರು ಬರೆದಷ್ಟು. ನೀರು ಬೀಳುವ ಹೊತ್ತಿಗೆ ಅದು ಗಾಬಾದ ತೂಬಿಗೆ ಹೋಗಿ ಕೂತಿರುತ್ತದೆ. ಕೆಲವರಿಗೆ ಕೆಲವು ವರ್ಷಗಳ ಮೇಲೆ ನೀರಿಲ್ಲದೆಯೂ ಬರಲು ಶುರುವಾಗುತ್ತದೆ, ಅಂಥವರಿಗೆ ದಿನದ ಮಾತ್ರೆ ಬೇಕು. ಬಿದ್ದರೆ ಮಗ್ಗುಲಿಗೆ ಹೊರಳಿಸಿ ಮಲಗಿಸಿ, ಬಾಯಿಗೆ ನೀರೂ ಬೇಡ, ಚಮಚವೂ ಬೇಡ, ಕೈಗೆ ಕೀಲಿಕೈಯೂ ಬೇಡ. ಗಡಿಯಾರ ನೋಡಿ, ಐದು ನಿಮಿಷ ದಾಟಿದರೆ ಆಸ್ಪತ್ರೆಗೆ ಒಯ್ಯಿರಿ.

ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು, “ಮೊಮ್ಮಗ ಈಗ ದೊಡ್ಡಾವ ಆಗ್ಯಾನ್ರಿ, ತಾನ ಎರಕೋತಾನ. ಒಳಗಿಂದ ಅಗಳಿ ಹಾಕ್ಕೋತಾನ” ಎಂದರು.

ಅಗಳಿ ಬೇಡ ಎಂದೆ. ಬಾಗಿಲು ಮುಂದಕ್ಕೆ ಮಾಡಿಕೊಂಡು ಎರೆದುಕೊಳ್ಳಲಿ, ಹೊರಗೆ ಯಾರಾದರೂ ಕುಳಿತಿರಲಿ.